ಇಟ್ಟಂಗಿಯ ಮೇಲಿನ ಲಾರಿ

ನನಗೆ ಮೂಗಿನ ತುದಿಯಲ್ಲೇ ಕೋಪ ಎಂದು ನಮ್ಮ ಮನೆಯವರು ಹಳಿಯಾಳಕ್ಕೆಲ್ಲ ಹೇಳಿಕೊಂಡು ತಿರುಗುತ್ತಿದ್ದರು. ಸುಳ್ಳೇನಲ್ಲ. ರಾಮನಗರದ ಕಡೆಗೆ ಲಾರಿ ಓಡಿಸುತ್ತಿದ್ದ ಅವರು ರಜೆಯ ದಿನವಾದರೂ ಸುಮ್ಮನೆ ಮಲಗುತ್ತಿರಲಿಲ್ಲ. ಮಗಳನ್ನು ಎದುರಿಗೆ ಕೂರಿಸಿಕೊಂಡು ಮನೆಯ ಸಾಮಾನಿಗೆಲ್ಲ ಕತ್ತರಿ ಹಾಕುತ್ತಿದ್ದರು. ಎಣ್ಣೆ ಡಬ್ಬಿ ಆಟಿಕೆ ಲಾರಿಯ ಮೈ, ಟೂತ್‌ಪೇಸ್ಟಿನ ಮುಚ್ಚಳ ಅದರ ದೀಪ, ಸವೆದ ಹವಾಯಿ ಚಪ್ಪಲಿ ಕತ್ತರಿಸಿದರೆ ಗಾಲಿ. ಒಂದು ಮಳೆಗಾಲದಲ್ಲಿ ನನ್ನ ಛತ್ರಿಯನ್ನೇ ಬಿಚ್ಚಿ, ಗಾಲಿಗೆ ಅಚ್ಚು ಮಾಡಲು ಕಡ್ಡಿ ಕಿತ್ತರು. ಹಳೆಯದಾದರೂ ನೀರು ತಡೆಯುತ್ತಿದ್ದ ಛತ್ರಿ. ಎರಡು ದಿನ ಮಾತು ಬಿಟ್ಟೆ.

ಮೂರನೆಯ ದಿನ ನಾನೇ ಒಂದು ಕಾಯ್ದೆ ಮಾಡಿದೆ. ಸಾಮಾನು ಯಾರದೋ ಅವರನ್ನು ಕೇಳಬೇಕು, ಅವರೇ ‘ಮುಗೀತು, ತಗೋ’ ಅನ್ನಬೇಕು, ಆಮೇಲೆ ಕತ್ತರಿ. ಐದು ವರ್ಷದ ಮಗಳು ಅದನ್ನೂ ಆಟ ಮಾಡಿಕೊಂಡಳು. ನನ್ನ ತಲೆಎಣ್ಣೆಯ ಬಾಟಲಿ ಹಿಡಿದು ಬಂದು, ‘ಅವ್ವಾ, ಮುಗೀತೇನ?’ ಅನ್ನುವಳು. ತಳದಲ್ಲಿ ಒಂದು ಹನಿ ಕಂಡರೂ ನಾನು ‘ಇನ್ನೂ ಇಲ್ಲ’ ಅನ್ನುತ್ತಿದ್ದೆ. ಅಪ್ಪ ಮಗಳು ಮುಖ ಮುಖ ನೋಡಿಕೊಂಡು ನಗುತ್ತಿದ್ದರು.

ಕೊನೆಯ ಸಲ ಮನೆಯಲ್ಲಿದ್ದಾಗ ಐದು ಲೀಟರಿನ ಡಬ್ಬಿ ಕತ್ತರಿಸಿ, ಮಗಳ ಕೈಗೆ ತಾಗದಂತೆ ಅಂಚು ಮಡಚಿ, ದೊಡ್ಡದೊಂದು ಲಾರಿ ಮಾಡಿದರು. ಗಾಲಿಗೆ ಸವೆದ ಚಪ್ಪಲಿ ಇರಲಿಲ್ಲ. ಅವರು ಮನೆಯಲ್ಲಿ ಮೆಟ್ಟುವ ನೀಲಿ ಹವಾಯಿ ತೋರಿಸಿ ಮಗಳು, ‘ಅಪ್ಪಾ, ಇವು ಮುಗೀತೇನ?’ ಎಂದಳು.

‘ಇನ್ನೊಂದು ತಿಂಗಳು ಬರ್ತಾವ. ನಾ ಸವಿಸಿ ಕೊಡ್ತೇನಿ, ತಡಿ,’ ಎಂದರು. ಲಾರಿಯನ್ನು ಇಟ್ಟಂಗಿಯ ಮೇಲೆ ಕೂರಿಸಿ, ಹೊರಗಿನ ಚಪ್ಪಲಿ ಮೆಟ್ಟಿಕೊಂಡು ಕೆಲಸಕ್ಕೆ ಹೋದರು.

ರಾಮನಗರದ ಹತ್ತಿರ ಲಾರಿಯನ್ನು ರಸ್ತೆ ಬದಿಗೆ ತಂದು ನಿಲ್ಲಿಸಿ, ಎದೆ ಹಿಡಿದುಕೊಂಡು ಸ್ಟಿಯರಿಂಗಿನ ಮೇಲೆ ಒರಗಿದವರು ಮತ್ತೆ ಏಳಲಿಲ್ಲ. ಹೆಣ ಮನೆಗೆ ಬರುವ ಮೊದಲೇ ಮಗಳನ್ನು ಪಾಳಾದಲ್ಲಿರುವ ನನ್ನ ಅಕ್ಕನ ಮನೆಗೆ ಕಳಿಸಿದೆ. ಆ ಮುಖವನ್ನು ಅವಳು ನೋಡುವುದು ನನಗೆ ಬೇಡವಾಗಿತ್ತು. ದಿನಕರ್ಮವೆಲ್ಲ ಮುಗಿದ ಮೇಲೆ ತಿರುಗಿ ಬಂದಳು. ‘ಅಪ್ಪ ದೇವರ ಹತ್ರ ಹೋಗ್ಯಾರವಾ,’ ಎಂದೆ. ಸತ್ತರು ಎಂಬ ಮಾತು ನನ್ನ ಬಾಯಿಂದ ಹೊರಡಲಿಲ್ಲ. ಅವಳು ಅಳಲಿಲ್ಲ.

ಸತ್ತವರ ಚಪ್ಪಲಿ ಮನೆಯಲ್ಲಿ ಇಡಬಾರದು ಎಂದು ಹಿರಿಯರು ಹೇಳಿದರು. ನಾನು ಇಟ್ಟುಕೊಂಡೆ. ಹಿತ್ತಲ ಬಾಗಿಲಲ್ಲಿದ್ದ ಆ ನೀಲಿ ಜೋಡಿಯ ಮೇಲೆ ಅವರ ಹಿಮ್ಮಡಿ, ಐದೂ ಬೆರಳು ಅಚ್ಚೊತ್ತಿದ್ದವು. ಒಂದು ದಿನ ಮಗಳು ಬಂದು, ‘ಅವ್ವಾ, ಅಪ್ಪನ ಚಪ್ಪಲಿ ಮುಗೀತೇನ?’ ಎಂದಳು. ಎಲ್ಲಿತ್ತೋ ಕೋಪ. ‘ಇನ್ನೂ ಮುಗದಿಲ್ಲ. ಮುಟ್ಟಿದ್ರ ನೋಡು,’ ಎಂದು ಗದರಿದೆ. ಅವಳ ಮುಖ ಅರಳಿತು. ಯಾಕೆಂದು ನಾನು ಯೋಚಿಸಲಿಲ್ಲ.

ಅಂದಿನಿಂದ ದಿನಾ ಸಂಜೆ ಆ ಚಪ್ಪಲಿ ಒರೆಸಿ, ಜೋಡಿಸಿ ಇಡತೊಡಗಿದಳು. ಇಷ್ಟು ಸಣ್ಣ ಕೂಸಿಗೆ ಅಪ್ಪನ ನೆನಪು ಎಷ್ಟಿದೆ ನೋಡು ಎಂದು ಪಕ್ಕದ ಮನೆಯಾಕೆಯ ಮುಂದೆ ಹೇಳಿಕೊಂಡು ಅತ್ತೆ.

ಅವರು ಹೋಗಿ ಹತ್ತು ತಿಂಗಳಾಗಿತ್ತು. ಕೈಯಿಂದ ಮಾಡಿದ್ದು ಏನಾದರೂ ತನ್ನಿ ಎಂದು ಶಾಲೆಯಲ್ಲಿ ಹೇಳಿದರು. ‘ಲಾರಿ ಒಯ್ಯಿ. ಡಬ್ಬಿ ಮುಚ್ಚಳದ ಗಾಲಿ ಹಚ್ಚೂಣು,’ ಎಂದೆ.

‘ಬ್ಯಾಡ. ಅಪ್ಪ ಬಂದು ಚಪ್ಪಲಿ ಸವಿಸಿ ಕೊಡ್ತಾನ. ಅವು ಇನ್ನೂ ಮುಗದಿಲ್ಲಂತ ನೀನ ಹೇಳೀದಿ.’

ಹತ್ತು ತಿಂಗಳು ನನ್ನ ಮಗಳು ಅಪ್ಪನ ದಾರಿ ಕಾದಿದ್ದಳು. ಕಾಯಲು ಕೂರಿಸಿದವಳು ನಾನೇ. ಚಪ್ಪಲಿ ತಂದು ಅವಳ ಮುಂದಿಟ್ಟು, ‘ಮುಗೀತು, ತಗೋ,’ ಎಂದೆ.

‘ನೀ ಅಂದ್ರ ಆಗಂಗಿಲ್ಲ. ಇವು ಅಪ್ಪನವು.’

ನನ್ನದೇ ಕಾಯ್ದೆ. ಅವಳನ್ನು ತೊಡೆಯ ಮೇಲೆ ಎಳೆದುಕೊಂಡು, ‘ಅಪ್ಪ ಸತ್ತಾರವಾ. ಇನ್ನ ಬರಂಗಿಲ್ಲ. ಅವರಿಗೆ ಹೇಳಾಕ ಆಗಂಗಿಲ್ಲ,’ ಎಂದೆ. ಅವಳು ಅತ್ತಳು. ಹತ್ತು ತಿಂಗಳದ್ದನ್ನೂ ಸೇರಿಸಿ, ಬಿಕ್ಕಳಿಕೆ ಹತ್ತುವವರೆಗೆ ಅತ್ತಳು. ನಾನೂ ಅತ್ತೆ. ಆಮೇಲೆ ತೊಡೆಯಿಂದ ಇಳಿದು ಆ ಚಪ್ಪಲಿಗಳಲ್ಲಿ ತನ್ನ ಪುಟ್ಟ ಕಾಲು ತೂರಿಸಿದಳು.

‘ನಾ ಸವಿಸ್ತೇನಿ. ಮುಗದ ಮ್ಯಾಲ ನಾನ ಹೇಳ್ತೇನಿ.’

ಇದಾಗಿ ಎರಡು ವರ್ಷ. ಲಾರಿ ಇಟ್ಟಂಗಿಯ ಮೇಲೇ ಇದೆ. ಶಾಲೆಯಿಂದ ಬಂದವಳೇ ಆ ಚಪ್ಪಲಿ ಮೆಟ್ಟಿ ಅಂಗಳದಲ್ಲಿ ಓಡಾಡುತ್ತಾಳೆ. ಅವರ ಹಿಮ್ಮಡಿಯ ಗುರುತು ಮಾಸಿ, ಅದರೊಳಗೆ ಅವಳದು ಮೂಡಿದೆ. ಎಡಗಾಲಿನದು ಬಹಳ ತೆಳ್ಳಗಾಗಿದೆ.

‘ಎಷ್ಟ ತಿರಗ್ತಿ, ಸಾಕ ಮಾಡು. ಬರಿಗಾಲಿಲೆ ಆಡು,’ ಎಂದು ನಾನು ಒಳಗಿನಿಂದ ಬಯ್ಯುತ್ತೇನೆ.