ವನಜಾಕ್ಷಿ ಮಗಳಿಗೆ ಕೊಡಿಸಿದ ಎತ್ತರದ ಚಪ್ಪಲಿ

ನಡೆಯಲು ಕಲಿಯುವ ಮಕ್ಕಳು ತುದಿಗಾಲಲ್ಲಿ ಓಡಾಡುವುದು ಸಹಜ. ಮೂರು ವರ್ಷ ದಾಟಿದ ಮೇಲೂ ಹಿಮ್ಮಡಿ ನೆಲಕ್ಕೆ ಇಳಿಯದಿದ್ದರೆ ಡಾಕ್ಟರಿಗೆ ತೋರಿಸಬೇಕು. ಇಷ್ಟೇ ವಿಷಯ. ಇದನ್ನು ಮೊಳಕಾಲ್ಮುರಿನ ವನಜಾಕ್ಷಿಗೆ ಯಾರೂ ಹೇಳಲಿಲ್ಲ. ಅಂಗನವಾಡಿಯಲ್ಲಿ ಮಗಳು ರಶ್ಮಿತಾಳ ತೂಕ ನೋಡಿದವರಿದ್ದರು, ಎತ್ತರ ಅಳೆದವರಿದ್ದರು. ಪಾದ ನೋಡಿದವರಿಲ್ಲ.

ವನಜಾಕ್ಷಿ ರೇಷ್ಮೆ ಸೀರೆ ನೇಯುವವಳು. ಬೆಳಿಗ್ಗೆ ಮಗ್ಗದ ಗುಂಡಿಯಲ್ಲಿ ಕಾಲಿಟ್ಟು ಕೂತರೆ ಊಟಕ್ಕೇ ಏಳುವುದು. ನೆಲಕ್ಕೆ ಸಮನಾಗಿ ಕೂತವಳಿಗೆ ಮಗಳ ಮುಖಕ್ಕಿಂತ ಮೊದಲು ಕಾಣುತ್ತಿದ್ದುದು ಕಾಲು, ನೆಲಕ್ಕೆ ಇಳಿಯದ ಹಿಮ್ಮಡಿ. ಹಾಗಾಗಿ ಮೊದಲು ಹೆದರಿ, ಡಾಕ್ಟರಿಗೆ ತೋರಿಸೋಣ ಎಂದವಳೂ ಅವಳೇ.

ಅತ್ತೆ ಯರ್ರಮ್ಮ ನಕ್ಕುಬಿಟ್ಟಳು. "ನವಿಲು ಹೆಜ್ಜೆ ಹಾಕ್ತೈತೆ ಕಣೇ ನನ್ನ ಬಂಗಾರು. ನಿನ್ನಂಗೆ ಎಮ್ಮೆ ನಡಿಗೆ ನಡೀಬೇಕಾ?"

ಪಕ್ಕದ ಮನೆಯ ಪಾಪಕ್ಕ, "ಡ್ಯಾನ್ಸಿಗೆ ಸೇರ್ಸು," ಎಂದಳು. ಶಾಲೆಯವರೂ ವಾರ್ಷಿಕೋತ್ಸವದಲ್ಲಿ ಮುಂದಿನ ಸಾಲಿಗೇ ನಿಲ್ಲಿಸಿದರು. ಚಪ್ಪಾಳೆ ಬಿತ್ತು. ನಮ್ಮವರಿಗೆ ಚಪ್ಪಾಳೆ ತಟ್ಟುವುದು ಬಲು ಸುಲಭ.

ಆರು ವರ್ಷ ತುಂಬುವ ಹೊತ್ತಿಗೆ ನವಿಲು ಹೋಗಿ, ಓಣಿಯ ಹುಡುಗರ ಬಾಯಲ್ಲಿ ಕೋಳಿಯಾಯಿತು. "ಏ ಕೋಳಿ, ಎಲ್ಲಿ ಕೆದಕಾಕೆ ಹೋಗ್ತೀಯಾ?" ಮಗಳು ಅತ್ತಳು. ಚಳ್ಳಕೆರೆಗೆ ಹೋಗಿದ್ದ ವನಜಾಕ್ಷಿ ಹಿಂಭಾಗ ಎತ್ತರವಿದ್ದ ಒಂದು ಜೊತೆ ಚಪ್ಪಲಿ ತಂದಳು. ಹಾಕಿದೊಡನೆ ತೂಗಾಡುತ್ತಿದ್ದ ಹಿಮ್ಮಡಿಗೆ ಆಸರೆ ಸಿಕ್ಕಿತು. ನಡಿಗೆ ಎಲ್ಲರಂತಾಯಿತು.

"ಡಾಕ್ಟ್ರು ಡಾಕ್ಟ್ರು ಅಂತಿದ್ದೆ. ನೋಡು, ಚಪ್ಲಿನೇ ಡಾಕ್ಟ್ರು!" ಎಂದಳು ಯರ್ರಮ್ಮ.

ರಶ್ಮಿತಾ ಮಲಗುವಾಗಷ್ಟೇ ಅದನ್ನು ಬಿಚ್ಚುತ್ತಿದ್ದಳು. ಮೀನಖಂಡದಿಂದ ಹಿಮ್ಮಡಿಗೆ ಇಳಿಯುವ ದಪ್ಪ ಸ್ನಾಯುರಜ್ಜು ಇರುತ್ತದಲ್ಲ, ಅದು ಮೊದಲೇ ಬಿಗಿಯಾಗಿತ್ತು. ಎಳೆದುಕೊಳ್ಳುವ ಕೆಲಸವೇ ಇಲ್ಲವಾದ ಮೇಲೆ ಇನ್ನೂ ಗಿಡ್ಡವಾಯಿತು. ಊರಿನ ಕಣ್ಣಿಗೆ ಎಲ್ಲ ಸರಿಹೋಗಿತ್ತು.

ಎರಡನೇ ಕ್ಲಾಸಿಗೆ ಬಂದಾಗ ಹುಡುಗಿಗೆ ಉರಿಮೂತ್ರ. ನೀರಿನ ಬಾಟಲಿ ತುಂಬಿದ್ದು ತುಂಬಿದಂತೆಯೇ ಮನೆಗೆ ಬರುತ್ತಿತ್ತು.

"ಯಾಕೆ ಪುಟ್ಟಿ, ನೀರು ಕುಡಿಯಲ್ಲ?"

"ಕಕ್ಕಸಿಗೆ ಕೂತ್ರೆ ಹಿಂದಕ್ಕೆ ಬಿದ್ದೋಗ್ತೀನವ್ವ."

ಚಳ್ಳಕೆರೆಯ ಡಾಕ್ಟರು ಚಪ್ಪಲಿ ಬಿಚ್ಚಿಸಿ, ಹಿಮ್ಮಡಿ ಊರಿ ಕುಕ್ಕರಗಾಲಲ್ಲಿ ಕೂರಲು ಹೇಳಿದರು. ರಶ್ಮಿತಾ ಹಿಂದಕ್ಕೆ ಉರುಳಿದಳು. ಪಾದ ಹಿಡಿದು ಮೇಲಕ್ಕೆ ಒತ್ತಿದರು, ಅರ್ಧಕ್ಕೇ ನಿಂತಿತು.

"ಇಷ್ಟು ವರ್ಷ ಏನ್ ಮಾಡ್ತಿದ್ರಮ್ಮ?"

"ನೇಯ್ತಿದ್ದೆ ರೀ."

ಡಾಕ್ಟರು ಚೀಟಿ ಎಳೆದುಕೊಂಡು ಬರೆಯತೊಡಗಿದರು. ದಿನಾ ಕಾಲು ಎಳೆದು ವ್ಯಾಯಾಮ ಮಾಡಿಸಿ, ದೊಡ್ಡ ಊರಿಗೆ ಕರೆದೊಯ್ದು ಕಾಲಿಗೆ ವಾರ ವಾರ ಪ್ಲಾಸ್ಟರ್ ಪಟ್ಟಿ ಬದಲಿಸಿ ಹಾಕಿಸಿ, ಅದಕ್ಕೂ ಬಗ್ಗದಿದ್ದರೆ ಆಪರೇಷನ್ ಎಂದರು. ಆದರೆ ಮಗ್ಗವೂ ಅದಕ್ಕೆ ಏರಿಸಿದ ಹಾಸಿನ ನೂಲೂ ಕೂಲಿಗೆ ನೇಯಿಸುವ ಸಾಹುಕಾರನದು. ವಾರ ವಾರ ಊರು ಬಿಟ್ಟರೆ ಮಗ್ಗ ಇನ್ನೊಬ್ಬರ ಪಾಲು. ಚಳ್ಳಕೆರೆ ಬಳಿಯ ಕುದಾಪುರದಲ್ಲಿ ದೊಡ್ಡ ವಿಜ್ಞಾನ ಸಂಸ್ಥೆಗಳ ಬೇಲಿಯೊಳಗೆ ಕೂದಲೆಳೆಯಷ್ಟು ದೋಷ ಹಿಡಿಯುವ ಯಂತ್ರಗಳಿವೆಯಂತೆ, ಇರಲಿ. ಒಂದು ಮಗುವಿನ ಹಿಮ್ಮಡಿ ಕೆಳಗೆ ಗಾಳಿ ಆಡುತ್ತಿದ್ದುದು ನಮ್ಮಲ್ಲಿ ಯಾರಿಗೂ ದೋಷವೆನಿಸಲಿಲ್ಲ.

ವನಜಾಕ್ಷಿ ಮನೆಯಲ್ಲೇ ಕಾಲು ಒತ್ತಲು ಕೂತಳು. ಮಗಳು ಕಿರುಚಿದಳು. "ಬಿಡೇ ರಾಕ್ಷಸಿ, ಕೂಸಿನ ಕಾಲು ಮುರೀತೀಯಾ?" ಎಂದು ಯರ್ರಮ್ಮ ಮೊಮ್ಮಗಳನ್ನು ಕಿತ್ತುಕೊಂಡಳು. ಇನ್ನು ಉಳಿದದ್ದು ಚಪ್ಪಲಿ. ಅದನ್ನು ವನಜಾಕ್ಷಿ ಅಟ್ಟದ ಮೇಲೆ ಎಸೆದಳು. ರಶ್ಮಿತಾ ಬಾಗಿಲು ಹಿಡಿದು ನಿಂತು ಕೇಳಿದಳು: "ಚಪ್ಲಿ ಕೊಡವ್ವ, ನೆಲ ಸಿಗ್ತಿಲ್ಲ."

ಹೋದ ವಾರ ನಾನು ಅವರ ಮನೆಗೆ ಹೋದಾಗ ಚಪ್ಪಲಿ ಮತ್ತೆ ಕಾಲಲ್ಲಿತ್ತು. "ಕೊಟ್ಟೆ ಕಣಣ್ಣ. ಶಾಲೆಗೆ ಹೋಗ್ಬೇಕಲ್ಲ," ಎಂದಳು ವನಜಾಕ್ಷಿ, ಮಗ್ಗದಿಂದ ತಲೆ ಎತ್ತದೆ.

ನಿಮ್ಮ ಮನೆಯಲ್ಲಿ, ನಿಮ್ಮ ತರಗತಿಯಲ್ಲಿ ತುದಿಗಾಲಲ್ಲಿ ನಡೆಯುವ ಮಗುವಿದೆಯೇ? ಹೊಗಳುವುದನ್ನು ನಿಲ್ಲಿಸಿ. ಇವತ್ತೇ ಚಪ್ಪಲಿ ಬಿಚ್ಚಿಸಿ, ಹಿಮ್ಮಡಿ ಊರಿ ಕುಕ್ಕರಗಾಲಲ್ಲಿ ಕೂರಿಸಿ. ಹಿಂದಕ್ಕೆ ಬಿದ್ದರೆ ನಗಬೇಡಿ. ಎತ್ತಿಕೊಂಡು ಆಸ್ಪತ್ರೆಗೆ ನಡೆಯಿರಿ.