ಹಿಂಬಾಗಿಲೇ ಮುಂಬಾಗಿಲಾದದ್ದು

ತ್ರಿಪ್ಪುಣಿತ್ತುರದ ನಮ್ಮ ಬಾಡಿಗೆ ಮನೆಯ ಮುಖ ಪೂರ್ವಕ್ಕೆ, ದೇವಸ್ಥಾನದ ರಸ್ತೆಗೆ. ಅತ್ತ ಕೆತ್ತನೆಯ ಬಾಗಿಲು, ಕೆಂಪು ನೆಲದ ಜಗಲಿ. ಹಿಂದುಗಡೆ ಅಡುಗೆಮನೆ, ಒಂದು ಗಿಡ್ಡ ಗೋಡೆ, ಅದರಾಚೆ ಕಾಲುದಾರಿ. ಬ್ಯಾಂಕಿನ ವರ್ಗಾವಣೆಯಲ್ಲಿ ನಾನು ಇಲ್ಲಿಗೆ ಬಂದಾಗ ಆ ದಾರಿಯಲ್ಲಿ ಕೋಳಿಗಳು ಮಾತ್ರ ಓಡಾಡುತ್ತಿದ್ದವು.

ಮೆಟ್ರೋ ಇಲ್ಲಿಯವರೆಗೆ ಬಂದದ್ದೇ ತಡ, ಕೋಳಿಗಳ ದಾರಿ ಜನರ ದಾರಿಯಾಯಿತು. ನಿಲ್ದಾಣಕ್ಕೆ ಅದೇ ಹತ್ತಿರ. ಬೆಳಿಗ್ಗೆ ಎಂಟಕ್ಕೆಲ್ಲ ನರ್ಸುಗಳು, ಕಾಲೇಜು ಹುಡುಗಿಯರು, ಕಚೇರಿಗೆ ಹೊರಟವರು ನಮ್ಮ ಅಡುಗೆಮನೆಯ ಕಿಟಕಿ ದಾಟಿ ಹೋಗುತ್ತಿದ್ದರು. ಮಹಡಿಯಲ್ಲಿದ್ದ ಮನೆಯೊಡತಿ ನಿವೃತ್ತ ಶಿಕ್ಷಕಿ. ಅವರಿಗೆ ಈ ಗಲಾಟೆ ಹಿಡಿಸಲಿಲ್ಲ. ಗೋಡೆ ಎತ್ತರಿಸಲು ಮೇಸ್ತ್ರಿಗೆ ಹೇಳಿ ಕಳುಹಿಸಿದರು.

ಮೇಸ್ತ್ರಿ ಬರಬೇಕಾದ ಬೆಳಿಗ್ಗೆಯೇ ದಿಢೀರನೆ ಮಳೆ ಸುರಿಯಿತು. ದಾರಿಯಲ್ಲಿದ್ದ ಏಳೆಂಟು ಮಂದಿ ಗೋಡೆ ದಾಟಿ ನಮ್ಮ ಸೂರಿನಡಿ ನಿಂತರು. ಧಾರವಾಡದಿಂದ ಬಂದಿದ್ದ ನನ್ನ ಅವ್ವ ಒಳಗೆ ಮಂಡಕ್ಕಿಯ ಗಿರಮಿಟ್ಟು ಕಲಸುತ್ತಿದ್ದಳು. ಮಲಯಾಳದ ಒಂದಕ್ಷರವೂ ಬಾರದ ಅವಳು ಹಿಂಬಾಗಿಲು ತೆಗೆದು ಕೂಗಿದಳು: “ಒಳಗ ಬರ್ರಿ ಎಲ್ಲಾರೂ! ಅಲ್ಲಿ ಯಾಕ ತೊಯ್ಸಿಕೊಳ್ಳಾಕ ಹತ್ತೀರಿ?”

“ಅಮ್ಮೂಮ್ಮ ಎಂದಾ ಪರೆಯುನ್ನೆ?” ಅಜ್ಜಿ ಏನನ್ನುತ್ತಾರೆಂದು ನರ್ಸೊಬ್ಬಳು ನನ್ನ ಮಗಳನ್ನು ಕೇಳಿದಳು. ಉತ್ತರಕ್ಕೆ ಮೊದಲೇ ನರ್ಸಿನ ಕೈಗೆ ಗಿರಮಿಟ್ಟಿನ ತಟ್ಟೆ ಬಂದಿತ್ತು.

ಗದ್ದಲ ಕೇಳಿ ಮನೆಯೊಡತಿ ಇಳಿದು ಬಂದರು. ಆ ನರ್ಸು “ಟೀಚರೇ!” ಎಂದು ಚೀರಿದಳು. ಅವರದೇ ಹಳೆಯ ವಿದ್ಯಾರ್ಥಿನಿ! ಟೀಚರ್ ಕುರ್ಚಿ ಎಳೆದುಕೊಂಡು ಅಡುಗೆಮನೆಯಲ್ಲೇ ಕೂತುಬಿಟ್ಟರು.

ಮಳೆ ನಿಂತ ಮೇಲೆ ಬಂದ ಮೇಸ್ತ್ರಿಗೆ ಅವರು, ಗೋಡೆ ಒಡೆದು ಗೇಟು ಇಡಬೇಕು, ಗೋಡೆಯುದ್ದಕ್ಕೂ ಕೂರಲು ಕಟ್ಟೆ ಕಟ್ಟಬೇಕು ಎಂದರು. ಮನೆಯ ಹಿಂದೆ ಯಾರಾದರೂ ಕಟ್ಟೆ ಕಟ್ಟುತ್ತಾರೆಯೇ ಎಂದು ಅವನು ತಲೆ ಕೆರೆದುಕೊಂಡ.

“ಇನಿ ಇದಾಣ್ ಮುನ್‌ವಶಂ!” ಇನ್ನು ಇದೇ ಮುಂಭಾಗ ಎಂದು ಟೀಚರ್ ತೀರ್ಪು ಕೊಟ್ಟರು.

ಪೇಪರು, ಹಾಲು, ಹೆಸರಿನ ಫಲಕ ಎಲ್ಲವೂ ಈ ಬದಿಗೆ ಬಂದವು. ಅಕ್ಕಪಕ್ಕದ ಎರಡು ಮನೆಯವರೂ ಹಿಂದೆ ಗೇಟು ಇಡಿಸಿದರು. ವರ್ಷಗಟ್ಟಲೆ ಮುಖವಷ್ಟೇ ಗೊತ್ತಿದ್ದವರ ಹೆಸರು ನನಗೆ ಆಗ ತಿಳಿಯಿತು.

ತಿರುವನಂತಪುರದಲ್ಲಿ ಕೆಲಸ ಮಾಡುವ ನನ್ನ ಗಂಡ ಇದೆಲ್ಲ ಆದ ಮೇಲೆ ಮೊದಲ ಸಲ ಒಂದು ಶನಿವಾರ ರೈಲಿಳಿದು ಬಂದು, ಪೂರ್ವದ ಬಾಗಿಲಲ್ಲಿ ಕರೆಗಂಟೆ ಒತ್ತಿ ಒತ್ತಿ ಸೋತರು. ಯಾರಿಗೂ ಕೇಳಲಿಲ್ಲ, ನಾವೆಲ್ಲ ಕಟ್ಟೆಯ ಮೇಲಿದ್ದೆವು. ತಿರುವನಂತಪುರದ ಚಾಲೈ ಬಜಾರಿನ ಚಿಪ್ಸ್ ಪೊಟ್ಟಣ ಹಿಡಿದು ಮನೆ ಸುತ್ತಿ ಬಂದವರನ್ನು ಕಂಡು ಕಾಲೇಜು ಹುಡುಗಿಯೊಬ್ಬಳು ಸರಿದು ಜಾಗ ಕೊಟ್ಟಳು.

“ಇರಿಕ್ಕೂ ಚೇಟ್ಟಾ, ಮೆಟ್ರೋ ವರಾನ್ ಸಮಯಮುಂಡ್.”

ಕೂತುಕೊಳ್ಳಿ ಅಣ್ಣಾ, ಮೆಟ್ರೋ ಬರಲು ಇನ್ನೂ ಹೊತ್ತಿದೆಯೆಂದು ತಮ್ಮ ಮನೆಯಲ್ಲೇ ಉಪಚಾರ ಮಾಡಿಸಿಕೊಂಡ ಅವರು, ನಗುತ್ತ ಕೂತು ಪೊಟ್ಟಣ ಬಿಚ್ಚಿದರು.