ತಿಪ್ಪೆಯಿಂದ ಎತ್ತಿಕೊಂಡ ಹೆಸರು

ತಿಪ್ಪೆ ಅಂದರೆ ಗೊತ್ತಲ್ಲ, ಸಗಣಿ, ಬೂದಿ, ಕಸ ಎಲ್ಲ ತಂದು ಸುರಿಯುವ ಗುಡ್ಡೆ. ಅದಕ್ಕೆ ಒಂದು ಅಮ್ಮ ಸೇರಿಸಿದರೆ ನಮ್ಮಕ್ಕನ ಹೆಸರು. ಅರವತ್ತು ವರ್ಷ ಆ ಹೆಸರಿಗೆ ಓ ಅಂದವಳು. ರೇಷನ್ ಕಾರ್ಡಿನಲ್ಲಿ ಅದೇ, ಪಹಣಿಯಲ್ಲಿ ಅದೇ, ಹಾಲಿನ ಡೈರಿಯವರು ಕೂಗುವುದೂ ಅದೇ. ಒಬ್ಬಳೇ ಮಗಳ ಲಗ್ನಪತ್ರಿಕೆಯಲ್ಲಿ ಮಾತ್ರ ಅದು ಬರಬಾರದು ಅಂತ ನಾವೆಲ್ಲ ಸೇರಿ ತೀರ್ಮಾನ ಮಾಡಿದೆವು. ನಾವು ಅಂದರೆ ಗಂಡಿನ ಕಡೆಯವರು, ಭಾವ, ಮದುವೆಯಾಗುವ ಮಗಳು, ಮತ್ತು ಇದನ್ನು ಬರೆಯುತ್ತಿರುವ ನಾನು. ನೆನೆಸಿಕೊಂಡರೆ ಇವತ್ತಿಗೂ ಹೇಸಿಗೆಯಾಗುತ್ತದೆ, ಅದರಲ್ಲೂ ನನ್ನ ಮೇಲೆ.

ಅಕ್ಕ ಹುಟ್ಟಿದ್ದು ಹಾಸನದ ಕಡೆಯ ಹಳ್ಳಿಯಲ್ಲಿ. ಹಾರಂಗಿ ನಾಲೆಯ ಕೆಳಗೆ ಗದ್ದೆ ಮಾಡಿಕೊಂಡು ನಾವು ಇಲ್ಲಿಗೆ, ಕುಶಾಲನಗರದ ಹತ್ತಿರಕ್ಕೆ ಬಂದದ್ದು ಆಮೇಲೆ. ಅವಳಿಗಿಂತ ಮುಂಚೆ ಅವ್ವನಿಗೆ ಮೂರು ಕೂಸು ಹೋಗಿದ್ದವು, ಮೂರಕ್ಕೂ ದೇವರ ಹೆಸರಿಟ್ಟಿದ್ದರು. ನಾಲ್ಕನೆಯದನ್ನು ಹರಕಲು ಮೊರದಲ್ಲಿ ಮಲಗಿಸಿ, ತಿಪ್ಪೆಯ ಮೇಲಿಟ್ಟು, ಅವ್ವ ತಿರುಗಿ ನೋಡದೆ ಬಂದಳಂತೆ. ಪಕ್ಕದ ಮನೆಯಾಕೆ "ಅಯ್ಯೋ, ಯಾರೋ ಬಿಸಾಕಿ ಹೋಗಿದ್ದಾರಲ್ಲ" ಅಂತ ಎತ್ತಿಕೊಂಡು ಬಂದು, ಒಂದು ಸೇರು ತೌಡು ಇಸಕೊಂಡು, ಕೂಸನ್ನು ಅವ್ವನಿಗೇ ಕೊಟ್ಟಳು. ಇದು ಕಸದ ಕೂಸು, ನಿನಗ್ಯಾಕೆ, ಮುಂದೆ ಹೋಗು ಅಂತ ಸಾವಿಗೆ ಹೇಳುವ ಉಪಾಯ. ಸಾವು ನಂಬಿತು. ಕೂಸು ಉಳಿದ ಧೈರ್ಯದ ಮೇಲೆ ಐದು ವರ್ಷ ಬಿಟ್ಟು ಹುಟ್ಟಿದ ನನಗೆ ಅವ್ವ ಒಂದು ಹೂವಿನ ಹೆಸರಿಟ್ಟಳು. ಶಾಲೆಯಲ್ಲಿ ಹಾಜರಿ ಕೂಗಿದಾಗ ಅಕ್ಕನ ಹೆಸರಿಗೆ ಇಡೀ ಕ್ಲಾಸು ಮೂಗು ಮುಚ್ಚಿಕೊಳ್ಳುತ್ತಿತ್ತು. ನಾಲ್ಕಕ್ಕೇ ಅವಳು ಶಾಲೆ ಬಿಟ್ಟಳು. ನಾನು ಓದಿ ಟೀಚರಾದೆ.

ಹೆಸರು ಬದಲಿಸುವುದರಲ್ಲಿ ನನ್ನ ಕೈ ಮೊದಲೇ ಪಳಗಿತ್ತು. ತಿತಿಮತಿಯ ಆಚೆ ಕಾಡಂಚಿನಲ್ಲಿ ಕೆಲಸ ಮಾಡುವಾಗ ಆದಿವಾಸಿಗಳ ಹಾಡಿಯ ಮಕ್ಕಳು ಶಾಲೆಗೆ ಸೇರಲು ಬರುತ್ತಿದ್ದರು. ಒಂದಕ್ಕೆ ಹುಟ್ಟಿದ ವಾರದ ಹೆಸರು, ಇನ್ನೊಂದಕ್ಕೆ ಸತ್ತ ಅಜ್ಜನ ಹೆಸರು. "ಇದೆಲ್ಲ ಹೆಸರಾ?" ಅಂತ ಗದರಿಸಿ, ನನಗೆ ಚಂದ ಕಂಡದ್ದನ್ನು ರಿಜಿಸ್ಟರಿನಲ್ಲಿ ಬರೆಯುತ್ತಿದ್ದೆ. ಅಪ್ಪಂದಿರು ಕೈ ಕಟ್ಟಿ ನಿಂತು ಹೂಂ ಅನ್ನುತ್ತಿದ್ದರು. ದೊಡ್ಡ ಉಪಕಾರ ಮಾಡಿದೆ ಅಂದುಕೊಂಡಿದ್ದೆ, ಥೂ! ಮಾರನೇ ದಿನ ಹಾಜರಿ ಕರೆದರೆ ಯಾವ ಮಗುವೂ ಎದ್ದು ನಿಲ್ಲುತ್ತಿರಲಿಲ್ಲ. ಅದು ತನ್ನನ್ನೇ ಕರೆದದ್ದು ಅಂತ ಅವಕ್ಕೆ ಗೊತ್ತೇ ಇರಲಿಲ್ಲ.

ಗಂಡಿನ ಮನೆ ಚೆಟ್ಟಳ್ಳಿ ಕಡೆ. ಅರೆಭಾಷೆ ಆಡುವ ಕೊಡಗಿನ ಗೌಡರು, ಹುಡುಗನ ಅಪ್ಪ ಕಾಫಿ ಎಸ್ಟೇಟಿನಲ್ಲಿ ರೈಟರ್, ಆಳುಗಳ ಹಾಜರಿ ಬರೆಯುವ ಕೆಲಸ. ಒಬ್ಬೊಬ್ಬರ ಹೆಸರಿನ ಜೊತೆಗೂ ಮನೆತನದ ಹೆಸರು, ಅದನ್ನು ಹೇಳುವಾಗ ಒಂದು ಗತ್ತು. ಪತ್ರಿಕೆಯ ಕರಡು ನೋಡಲು ಜೀಪಿನಲ್ಲಿ ಬಂದಿದ್ದರು. ಅಕ್ಕ ಕರಿದ ಕಜ್ಜಾಯ ಬಾಯಲ್ಲಿಟ್ಟುಕೊಂಡೇ ಹುಡುಗನ ಚಿಕ್ಕಮ್ಮ ಓದಿದರು. ಓದಿ ನಿಲ್ಲಿಸಿದರು.

"ತಪ್ಪು ತಿಳ್ಕೊಳ್ಬೇಡಿ ಮಾರಾಯ್ರೆ, ಹುಡುಗಿ ತಾಯಿದು ಎಂತ ಹೆಸರು ಇದು? ನಮ್ಮಲ್ಲಿ ನಾಯಿಗೂ ಇಡುದಿಲ್ಲ."

ಎಲ್ಲರೂ ನಕ್ಕರು. ಭಾವನೂ ನಕ್ಕರು, ಅದನ್ನು ನಾನು ಕಣ್ಣಾರೆ ನೋಡಿದೆ. ಅಕ್ಕ ಕಾಫಿ ತಟ್ಟೆ ಹಿಡಿದು ಬಾಗಿಲಲ್ಲೇ ನಿಂತಿದ್ದಳು.

ರೈಟರು ದೊಡ್ಡಸ್ತಿಕೆಯಿಂದ, "ಅಯ್ಯೋ ಬಿಡು, ನಮ್ಮ ಆಳುಗಳ ಲೈನ್‌ಮನೆಯಲ್ಲಿ ತಮಿಳು ಹೆಂಗಸೊಬ್ಬಳಿದ್ದಾಳೆ, ಅವಳ ಹೆಸರಿಗೆ ಬೇಡ ಅಂತ ಅರ್ಥ. ಐದನೇ ಹೆಣ್ಣಂತೆ. ನಾನು ಹಾಜರಿಯ ಚೆಕ್‌ರೋಲಿನಲ್ಲಿ ಬೇರೆ ಹೆಸರು ಬರೆದುಕೊಂಡಿದ್ದೇನೆ, ಕರೆಯೋಕೆ ನಮಗೇ ಕಷ್ಟ ಆಗ್ತದಲ್ಲ" ಅಂದರು. ಆ ಹೆಂಗಸನ್ನು ಕೇಳಿದಿರಾ ಅಂತ ಬಾಯಿಗೆ ಬಂದಿತ್ತು, ನುಂಗಿಕೊಂಡೆ. ನಾನು ಯಾರನ್ನು ಕೇಳಿದ್ದೆ?

ಅಕ್ಕನ ಮಗಳು ಅಷ್ಟರಲ್ಲಿ ಮೊಬೈಲು ತೆಗೆದು ಹೆಸರು, ಅರ್ಥ, ಮೂಲ ಎಲ್ಲ ಹುಡುಕುತ್ತಿದ್ದಳು. ಒಂದಕ್ಕೆ ಫಾರ್ಸಿಯಲ್ಲಿ ಬೆಳಕಂತೆ, ಇನ್ನೊಂದಕ್ಕೆ ಗ್ರೀಕಿನಲ್ಲಿ ಮುತ್ತಂತೆ. ಹಡೆದವಳ ಹೆಸರಿಗೆ ಏನು ಅರ್ಥ ಅಂತ ಮಾತ್ರ ಅವಳು ಯಾವತ್ತೂ ಕೇಳಿದವಳಲ್ಲ. ಕೊನೆಗೆ ನನ್ನ ಕಡೆ ತಿರುಗಿ, "ಚಿಕ್ಕಮ್ಮ, ನೀವೇ ಒಂದು ಹೇಳಿ" ಅಂದಳು. ಹೇಳಿದೆ ನೋಡಿ! ಅದೇ ತಕಾರದ, ಊಟವಾಗಿ ಹೊಟ್ಟೆ ತಣ್ಣಗಾದಾಗ ನಾವು ಹೇಳುವಂಥ ಒಂದು ಸಂಸ್ಕೃತದ ಮಾತು. ಮೊದಲಕ್ಷರ ಒಂದೇ ಇದ್ದರೆ ಯಾರಿಗೂ ಗೊತ್ತಾಗುವುದಿಲ್ಲ ಅಂತ ಬುದ್ಧಿವಂತಿಕೆ ಬೇರೆ. ಎಲ್ಲರೂ ಭೇಷ್ ಅಂದರು.

"ಏನಕ್ಕ, ಆಗಬಹುದಾ?" ಅಂದೆ.

"ನಿಮಗೆ ಹೆಂಗೆ ಬೇಕೋ ಹಂಗೆ ಹಾಕ್ಕೊಳ್ಳಿ, ಮಗು ಮದುವೆ ಚೆನ್ನಾಗಾಗಲಿ" ಅಂದು ಲೋಟ ಎತ್ತಿಕೊಂಡು ಒಳಗೆ ಹೋದಳು. ಒಪ್ಪಿದಳು ಅಂತ ನಾವು ಖುಷಿಪಟ್ಟೆವು, ನಾಚಿಕೆಗೆಟ್ಟವರು.

ಪತ್ರಿಕೆ ಅಚ್ಚಾಯಿತು, ಹಾಸನದ ಕಡೆಯವರಿಗೆಲ್ಲ ಅಂಚೆಯಲ್ಲಿ ಹೋಯಿತು. ವಾರವಾಗಿರಬೇಕು. ಅಕ್ಕ, ಮಗಳು, ನಾನು ಮೂವರೂ ಅಂಗಳದಲ್ಲಿ ಕೂತು ಮದುವೆಯ ಅಕ್ಕಿ ಆರಿಸುತ್ತಿದ್ದೆವು. ಭಾವನ ಫೋನು ಹೊಡೆದುಕೊಂಡಿತು. ಅವರು ಗದ್ದೆಯಲ್ಲಿದ್ದರು. ಅಕ್ಕ ಸ್ಪೀಕರಿಗೆ ಹಾಕಿ ಹಲೋ ಅಂದಳು. ಆ ಕಡೆಯಿಂದ ನಮ್ಮ ಸೋದರಮಾವನ ಹೆಂಡತಿ ಒಂದೇ ಸಮನೆ ಅಳುತ್ತಿದ್ದರು. ಎಂಬತ್ತು ದಾಟಿದ ಅತ್ತೆ, ಕಿವಿ ಮಂದ.

"ಯಾವಾಗ ಹೋದ್ಲವ್ವ ನಮ್ಮ ಹುಡುಗಿ? ಮಣ್ಣಿಗಾದರೂ ಕರೀಬಾರದಿತ್ತಾ? ಕಾರ್ಡು ಓದಿಸಿದ ಮೇಲೆ ಗೊತ್ತಾಯ್ತು. ತಾಯಿ ಅಂತ ಬೇರೆ ಯಾರದೋ ಹೆಸರು ಹಾಕವ್ರೆ."

ನಮ್ಮ ಕಡೆ ಲಗ್ನಪತ್ರಿಕೆಯಲ್ಲಿ ತಾಯಿಯ ಹೆಸರು ಬೇರೆ ಇದ್ದರೆ ಜನ ಇನ್ನೇನು ತಿಳಿಯಬೇಕು? ಹೆಂಡತಿ ಸತ್ತಳು, ಗಂಡ ಇನ್ನೊಂದು ಕಟ್ಟಿಕೊಂಡ. ಅಷ್ಟೂ ಊರು ಹಾಗೇ ತಿಳಿದಿತ್ತು.

ಅತ್ತೆ ಮೂಗು ಸೀಟಿಕೊಂಡು, "ನೀನ್ಯಾರವ್ವ ಮಾತಾಡ್ತಿರೋದು? ಹೊಸಬಳಾ?" ಅಂದರು.

ಅಕ್ಕ ನಮ್ಮಿಬ್ಬರ ಮುಖ ನೋಡಿದಳು. "ನಾನೇ ಕಣತ್ತೆ. ಬದುಕಿದೀನಿ" ಅಂತ ಜೋರಾಗಿ ಕೂಗಿ, ತನ್ನ ಹೆಸರು ಹೇಳಿದಳು. ಆ ಕಡೆ ಅಳು ಇನ್ನೂ ಜಾಸ್ತಿಯಾಯಿತು. ಫೋನು ಇಟ್ಟ ಮೇಲೆ ಮಗಳ ಕಡೆ ತಿರುಗಿ, "ಮದುವೆಗೆ ಆ ಕಾರ್ಡಿನೋಳನ್ನೇ ಕರ್ಕೊಂಡು ಹೋಗು. ನಾನು ಸತ್ತಿದ್ದೀನಲ್ಲ" ಅಂದಳು.

"ಅಮ್ಮ, ಒಂದು ಹೆಸರಿಗೆ ಎಷ್ಟು ರಂಪ ಮಾಡ್ತೀಯ" ಅಂತ ಹುಡುಗಿ ಸಿಡುಕಿದಳು. ನನಗೆ ಮೈಯೆಲ್ಲ ಉರಿಯಿತು. ಅವತ್ತು ಅವಳನ್ನು ಕೂರಿಸಿಕೊಂಡು ಹಳೆಯ ಮೊರ, ತೌಡು, ಸತ್ತ ಮೂರು ಕೂಸು ಎಲ್ಲ ಹೇಳಿದೆ, ನಾನು ಮಾಡಿದ್ದನ್ನೂ ಹೇಳಿದೆ. ಕೇಳಿಸಿಕೊಂಡು, ಆರಿಸಿದ ಅಕ್ಕಿ ಎತ್ತಿಕೊಂಡು ಒಳಗೆ ಹೋದಳು. ಚೆಟ್ಟಳ್ಳಿಯವರಿಗೆ ಫೋನು ಮಾಡಿದರೆ "ಇನ್ನು ಎಂತ ಮಾಡ್ಲಿಕ್ಕೆ ಆಗ್ತದೆ, ಹಂಚಿ ಆಯಿತಲ್ಲ" ಅಂದರು.

ಅಕ್ಕ ಮದುವೆಗೆ ಬಂದಳು. ಹಸಿರು ಸೀರೆ ಉಟ್ಟಿದ್ದಳು. ಕುಶಾಲನಗರದ ಛತ್ರ ತುಂಬಿತ್ತು. ಧಾರೆಯ ಹೊತ್ತಿಗೆ ಪುರೋಹಿತರು ಪತ್ರಿಕೆ ನೋಡಿಕೊಂಡು ತಂದೆಯ ಹೆಸರು ಹೇಳಿ, ತಾಯಿಯ ಹೆಸರು ಅಂತ ನಾನು ಹುಡುಕಿಕೊಟ್ಟದ್ದನ್ನು ಹೇಳಿದರು. ಚೊಂಬು ಹಿಡಿದಿದ್ದ ಅಕ್ಕ ಅಲ್ಲಾಡಲಿಲ್ಲ. ಅವರು ಇನ್ನೊಂದು ಸಲ ಹೇಳಿ, "ನೀರು ಬಿಡಿ ತಾಯಿ, ಮುಹೂರ್ತ ಮೀರುತ್ತೆ" ಅಂದರು. ಭಾವ ಮೊಣಕೈಯಿಂದ ತಿವಿದರು. ಹುಡುಗನ ಚಿಕ್ಕಮ್ಮ "ಎಂತ ಆಯಿತು, ಎಂತ ಆಯಿತು" ಅಂತ ಕತ್ತು ಉದ್ದ ಮಾಡಿದರು. ಅಕ್ಕ ಯಾರನ್ನೂ ನೋಡಲಿಲ್ಲ. ಮಗಳ ಬೊಗಸೆಯನ್ನೇ ನೋಡುತ್ತಿದ್ದಳು.

ಬಾಸಿಂಗ ಕಟ್ಟಿಕೊಂಡ ಹುಡುಗಿ ತಲೆಯೆತ್ತಿದಳು. "ಅದು ನಮ್ಮಮ್ಮನ ಹೆಸರಲ್ಲ" ಅಂತ ಪುರೋಹಿತರಿಗೆ ಹೇಳಿ, ಮೆಲ್ಲಗೆ ಸರಿಯಾದದ್ದನ್ನು ಹೇಳಿದಳು.

"ಇನ್ನೊಂದ್ಸಲ ಹೇಳು, ಕೇಳಿಸಲಿಲ್ಲ" ಅಂದಳು ಅಕ್ಕ.

ಅವಳು ಇನ್ನೊಮ್ಮೆ ಹೇಳಿದಳು. ಮುಂದಿದ್ದ ಮೈಕಿಗೆ ಸಿಕ್ಕಿ ಅದು ಊಟದ ಮನೆಯ ತನಕ ಕೇಳಿಸಿತು. ಆಮೇಲೆ ಅಕ್ಕ ನೀರು ಬಿಟ್ಟಳು.